ಚಿಕ್ಕಮ್ಮ ಎನ್ನಲಾಗದ ಹುಡುಗ

ಹಯಾವೊ ಮಿಯಾಝಾಕಿಯವರ ‘ದಿ ಬಾಯ್ ಆ್ಯಂಡ್ ದ ಹೆರಾನ್’ (2023) ಚಿತ್ರದ ಇಂಗ್ಲಿಷ್ ಡಬ್ಬಿಂಗ್ ಬಗ್ಗೆ ಮಾತು ಬಂದರೆ ಮೊದಲು ಕೇಳಿಬರುವುದು ರಾಬರ್ಟ್ ಪ್ಯಾಟಿನ್ಸನ್ ಹೆಸರು. ಬೂದು ಬಕಕ್ಕೆ ಅವರು ಕೊಟ್ಟ ಗಂಟಲು ಕೆರೆಯುವ ದನಿ ಮೆಚ್ಚತಕ್ಕದ್ದೇ. ಆದರೆ ಕತೆ ಬಕದ್ದಲ್ಲ. ಯುದ್ಧಕಾಲದ ಟೋಕಿಯೊದಲ್ಲಿ ಆಸ್ಪತ್ರೆಗೆ ಹೊತ್ತಿದ ಬೆಂಕಿಗೆ ತಾಯಿಯನ್ನು ಕಳೆದುಕೊಂಡ ಮಹಿತೊ ಎಂಬ ಹುಡುಗನದು. ಡಬ್ಬಿಂಗಿನ ನಿಜವಾದ ಪರೀಕ್ಷೆ ಇರುವುದು ಅವನ ನಾಲ್ಕೇ ನಾಲ್ಕು ಮಾತುಗಳಲ್ಲಿ.

ಆ ಪರೀಕ್ಷೆಯಲ್ಲಿ ಲೂಕಾ ಪಡೊವನ್ ಸೋತಿಲ್ಲ. ಮಹಿತೊ ಕಲ್ಲೆತ್ತಿ ತನ್ನ ತಲೆಗೆ ತಾನೇ ಹೊಡೆದುಕೊಳ್ಳುತ್ತಾನೆ. ಕೇಳಿದ ಅಪ್ಪನಿಗೆ ಬಿದ್ದೆ ಎನ್ನುತ್ತಾನೆ, ಅಷ್ಟೆ. ಪಡೊವನ್ ದನಿಯಲ್ಲೂ ಅದಕ್ಕಿಂತ ಹೆಚ್ಚಿನದೇನೂ ಇಲ್ಲ. ಅಳುವನ್ನು ತುರುಕುವ ಚಪಲಕ್ಕೆ ಬೀಳದಿರುವುದು ಸಣ್ಣ ಸಂಗತಿಯಲ್ಲ.

ಕೊರತೆ ಇರುವುದು ನಟನಲ್ಲಲ್ಲ, ಭಾಷೆಯಲ್ಲಿ. ಅಪ್ಪ ಮರುಮದುವೆಯಾಗಿರುವುದು ತೀರಿಕೊಂಡವಳ ತಂಗಿ ನತ್ಸುಕೊಳನ್ನು. ಮುಖ ಥೇಟ್ ಅಮ್ಮನದೇ, ಮೇಲಾಗಿ ಬಸುರಿ. ಜಪಾನಿ ಮೂಲದಲ್ಲಿ ಹುಡುಗ ಅವಳನ್ನು ‘ನತ್ಸುಕೊ ಸಾನ್’ ಎನ್ನುತ್ತಾನೆ. ಆ ‘ಸಾನ್’ ಹೆಚ್ಚುಕಡಿಮೆ ನಮ್ಮ ‘ಅವರು’ ಇದ್ದಹಾಗೆ: ಮರ್ಯಾದೆಯೂ ಹೌದು, ದೂರವೂ ಹೌದು. ಯಾರವಳು ಎಂಬ ಪ್ರಶ್ನೆ ಬಂದಾಗ ಅಪ್ಪ ಮೆಚ್ಚಿದವರು ಎನ್ನುತ್ತಾನೆಯೇ ಹೊರತು ಅಮ್ಮ ಎನ್ನುವುದಿಲ್ಲ. ಕೊನೆಗೆ ಹೆರಿಗೆ ಕೋಣೆಯಲ್ಲಿ, ನಿನ್ನನ್ನು ಕಂಡರಾಗದು ಎಂದು ಅವಳೇ ಕಿರುಚಿದ ಮೇಲೆ, ಮೊದಲ ಸಲ ಅವಳ ಹೆಸರಿಗೆ ‘ಕಾಸಾನ್’, ಅಂದರೆ ಅಮ್ಮ, ಸೇರಿಸಿ ಕೂಗುತ್ತಾನೆ. ಅಲ್ಲಿಯವರೆಗಿನ ಅಷ್ಟೂ ‘ಸಾನ್’ಗಳು ಕಿವಿಯಲ್ಲಿ ಉಳಿದಿದ್ದರೇ ಆ ಕೂಗಿನ ತೂಕ ತಿಳಿಯುವುದು. ಇಂಗ್ಲಿಷಿನಲ್ಲಿ ಮಲತಾಯಿಯನ್ನು ಹೆಸರು ಹಿಡಿದು ಕರೆಯುವುದು ಮಾಮೂಲು. ಅಲ್ಲಿ ಅದು ದೂರವೆಂದು ಕೇಳಿಸುವುದೇ ಇಲ್ಲ.

ಶೀರ್ಷಿಕೆಯದೂ ಇದೇ ಪಾಡು. ಚಿತ್ರದ ಜಪಾನಿ ಹೆಸರಿನ ಅರ್ಥ ‘ನೀವೆಲ್ಲ ಹೇಗೆ ಬಾಳುತ್ತೀರಿ?’. ಅದು ಗೆಂಝಾಬುರೊ ಯೊಶಿನೊ ಅವರ 1937ರ ಕಾದಂಬರಿಯ ಹೆಸರು. ಅಮ್ಮ ತನಗೆಂದು ಬರೆದಿಟ್ಟುಹೋದ ಅದೇ ಪುಸ್ತಕವನ್ನು ಓದುತ್ತ ಮಹಿತೊ ಅಳುತ್ತಾನೆ. ಜಪಾನಿನ ಪ್ರೇಕ್ಷಕರಿಗೆ ತಾವು ನೋಡುತ್ತಿರುವ ಚಿತ್ರದ ಹೆಸರೇ ಹುಡುಗನ ಕೈಯಲ್ಲಿ ಕಾಣುತ್ತದೆ. ಇಂಗ್ಲಿಷಿನವರಿಗೆ ಅದು ಯಾವುದೋ ಒಂದು ಪುಸ್ತಕ. ‘ಹುಡುಗ ಮತ್ತು ಬಕ’ ಎಂದು ಹೆಸರಿಟ್ಟವರಿಗೆ ಟಿಕೆಟ್ ಮಾರಬೇಕಿತ್ತು ಎನ್ನೋಣ.

ಕನ್ನಡ ಮನೆಗಳಲ್ಲಿ ಇದನ್ನು ನೋಡುವವರಿಗೆ ಇನ್ನೊಂದು ತೊಡಕು ಹೊಳೆಯಬಹುದು. ನಮ್ಮಲ್ಲಿ ಅಮ್ಮನ ತಂಗಿಗೂ ಅಪ್ಪನ ಎರಡನೆಯ ಹೆಂಡತಿಗೂ ಒಂದೇ ಪದವಿದೆ: ಚಿಕ್ಕಮ್ಮ, ಉತ್ತರದ ಕಡೆ ಚಿಗವ್ವ. ಮಹಿತೊಗೆ ಬೇಕಾದ ಪದ ಇದೇ ಅಲ್ಲವೇ ಅನ್ನಿಸುತ್ತದೆ. ಅಲ್ಲ. ಬಾಯಿ ತೆರೆದರೆ ಸಾಕು, ಅದರೊಳಗೆ ಅಮ್ಮ ಆಗಲೇ ಬಂದು ಕೂತಿರುತ್ತಾಳೆ. ಇಡೀ ಚಿತ್ರ ಹುಡುಗ ಯಾವುದನ್ನು ತಡೆದಿಟ್ಟಿದ್ದಾನೋ ಅದನ್ನು ಕನ್ನಡ ಮೊದಲ ದೃಶ್ಯದಲ್ಲೇ ಬಿಟ್ಟುಕೊಡುತ್ತಿತ್ತು. ಕನ್ನಡದ ಮಹಿತೊ ಅವಳನ್ನು ಯಾವ ಹೆಸರಿನಿಂದಲೂ ಕರೆಯದೆ, ಬರೀ ‘ಹ್ಞೂಂ’, ‘ಊಟ ಆಯ್ತು’ ಎಂದು ಕಾಲ ತಳ್ಳಬೇಕಾಗುತ್ತಿತ್ತು. ಅಂಥ ಮಕ್ಕಳನ್ನು ಕಂಡವರು ಇಲ್ಲದಿಲ್ಲ.

ಪುಣೆಯಲ್ಲೋ ದಿಲ್ಲಿಯಲ್ಲೋ ಹತ್ತು ವರ್ಷದ ಮಗುವಿನ ಜೊತೆ ನೋಡುವವರು ಸಂಕೋಚವಿಲ್ಲದೆ ಡಬ್ಬಿಂಗನ್ನೇ ಆರಿಸಿಕೊಳ್ಳಲಿ. ಉರಿಯುವ ಊರನ್ನು, ಬರೀಗೈಯಲ್ಲಿ ಓಡುವ ಹುಡುಗನನ್ನು ಕಣ್ಣು ನೋಡಬೇಕಾದಾಗ ಪರದೆಯ ಅಡಿಯ ಸಾಲು ಓದಿಸುವುದು ನ್ಯಾಯವಲ್ಲ. ಹೆರಿಗೆ ಕೋಣೆಯ ದೃಶ್ಯವೊಂದನ್ನು ಮಾತ್ರ, ಚಿತ್ರ ಮುಗಿದ ಮೇಲೆ, ಜಪಾನಿಯಲ್ಲಿ ಮತ್ತೆ ಹಾಕಬೇಕು. ಹುಡುಗ ಅವಳನ್ನು ಏನೆಂದು ಕರೆದ ಎಂದು ಮಗುವೇ ಕೇಳಬಹುದು.