ಮುಂಗಾರಿನ ಹಳೆಯ ಕಡತ ತೆರೆಯುವವರು ಯಾರು?

ಸಮುದ್ರತಳವನ್ನು ಕೊರೆದು ಭೂಮಿಯ ಪ್ರಾಚೀನ ಹವಾಮಾನದ ಸಾಕ್ಷ್ಯವನ್ನು ಹೊರತೆಗೆಯುತ್ತಿದ್ದ ಅಮೆರಿಕದ ‘ಜಾಯ್ಡೀಸ್ ರೆಸಲ್ಯೂಷನ್’ ಹಡಗು 2024ರಲ್ಲಿ ನಿವೃತ್ತವಾಯಿತು. ತೈಲ ಶೋಧನೆಗೆಂದು 1978ರಲ್ಲಿ ನಿರ್ಮಾಣಗೊಂಡು, 1985ರಿಂದ ವಿಜ್ಞಾನದ ಸೇವೆಗೆ ನಿಂತಿದ್ದ ಹಡಗಿದು. ನಿರ್ವಹಣಾ ವೆಚ್ಚ ಏರುತ್ತಿದೆ, ಪಾಲುದಾರ ರಾಷ್ಟ್ರಗಳ ಕೊಡುಗೆ ಸಾಲದು ಎಂಬ ಕಾರಣ ನೀಡಿ, ಗುತ್ತಿಗೆಯನ್ನು ನವೀಕರಿಸುವುದಿಲ್ಲವೆಂದು ಅಲ್ಲಿನ ರಾಷ್ಟ್ರೀಯ ವಿಜ್ಞಾನ ಪ್ರತಿಷ್ಠಾನ 2023ರಲ್ಲೇ ಪ್ರಕಟಿಸಿತ್ತು. ಈ ನಷ್ಟದಲ್ಲಿ ಭಾರತದ ಪಾಲು ಸಣ್ಣದಲ್ಲ.

ಕಡಲಿನ ಮೇಲ್ಪದರದಲ್ಲಿ ಬದುಕುವ ಫೊರಾಮಿನಿಫೆರಾ ಎಂಬ ಏಕಕೋಶ ಜೀವಿಗಳು ಸತ್ತಾಗ ಅವುಗಳ ಸುಣ್ಣದ ಚಿಪ್ಪು ತಳಕ್ಕೆ ಬಿದ್ದು ಕೆಸರಿನಲ್ಲಿ ಪದರವಾಗಿ ಸೇರುತ್ತದೆ. ಚಿಪ್ಪಿನಲ್ಲಿ ಭಾರದ ಆಮ್ಲಜನಕ ಎಷ್ಟು, ಹಗುರದ್ದು ಎಷ್ಟು ಎಂಬ ಲೆಕ್ಕದಿಂದ ಅಂದಿನ ನೀರಿನ ಉಷ್ಣತೆಯೂ ಧ್ರುವಗಳಲ್ಲಿದ್ದ ಹಿಮದ ಪ್ರಮಾಣವೂ ಊಹೆಗೆ ಸಿಗುತ್ತವೆ. ಮುಂಗಾರು ಮಾರುತ ಬಿರುಸಾದಾಗ ಒಮಾನ್ ಕರಾವಳಿಯಲ್ಲಿ ಪೋಷಕಾಂಶ ತುಂಬಿದ ತಣ್ಣೀರು ಮೇಲೇಳುತ್ತದೆ. ಅದರಲ್ಲಿ ಗ್ಲೋಬಿಜೆರಿನಾ ಬುಲ್ಲಾಯ್ಡಿಸ್ ಎಂಬ ಪ್ರಭೇದ ಹುಲುಸಾಗಿ ಬೆಳೆಯುತ್ತದೆ. ಯಾವ ಪದರದಲ್ಲಿ ಅದರ ಚಿಪ್ಪು ಹೆಚ್ಚೋ ಆ ಕಾಲದ ಗಾಳಿ ಜೋರು. ಹವಾಮಾನ ಇಲಾಖೆಯ ಮಳೆಮಾಪಕಗಳ ದಾಖಲೆ ಒಂದೂವರೆ ಶತಮಾನದ್ದಾದರೆ, ಈ ಕೆಸರಿನದು ಕೋಟಿ ವರ್ಷಗಳದ್ದು.

1987ರಲ್ಲಿ ಇದೇ ಹಡಗು ಒಮಾನ್ ಬಳಿ ನಡೆಸಿದ ಕೊರೆತದಿಂದ, ಮುಂಗಾರು ಬಲಗೊಂಡದ್ದು ಸುಮಾರು 80 ಲಕ್ಷ ವರ್ಷಗಳ ಹಿಂದೆ ಎಂಬ ಅಭಿಪ್ರಾಯ ಬೇರೂರಿತ್ತು. 2015ರಲ್ಲಿ ಮಾಲ್ಡೀವ್ಸ್ ಬಳಿ ಕೊರೆದಾಗ ದೊರೆತ ಸಾಕ್ಷ್ಯ ಆ ಗಡಿಯನ್ನು 1.29 ಕೋಟಿ ವರ್ಷಗಳಷ್ಟು ಹಿಂದಕ್ಕೆ ಒಯ್ದಿತು. ಅದೇ ವರ್ಷ ಭಾರತದ ಪಶ್ಚಿಮ ತೀರದಾಚೆಯ ಲಕ್ಷ್ಮೀ ಜಲಾನಯನದಲ್ಲಿ ಭಾರತೀಯ ವಿಜ್ಞಾನಿಯೊಬ್ಬರ ಸಹನೇತೃತ್ವದಲ್ಲಿ ಕೊರೆದ ರಂಧ್ರ ಸಾವಿರ ಮೀಟರ್ ದಾಟಿತು. ಕೋಟಿ ವರ್ಷಗಳ ಹಿಂದೆ ಕಡಲಡಿ ಕುಸಿದ ಬೃಹತ್ ಭೂರಾಶಿಯೊಂದು ಅಲ್ಲಿ ಪತ್ತೆಯಾಗಿ, ಅದಕ್ಕೆ ‘ನಟರಾಜ’ ಎಂದು ಹೆಸರಾಯಿತು.

ಇದು ಬರೀ ಪುರಾತನದ ಕುತೂಹಲವಲ್ಲ. ಇಂಗಾಲದ ಡೈಆಕ್ಸೈಡ್ ವಾತಾವರಣದಲ್ಲಿ ದಶಲಕ್ಷಕ್ಕೆ 420 ಭಾಗ ಮೀರಿದೆ. ಇದಕ್ಕೆ ಹತ್ತಿರದ ಪ್ರಮಾಣ ಕಡೆಯ ಬಾರಿ ಇದ್ದದ್ದು ಸುಮಾರು 30 ಲಕ್ಷ ವರ್ಷಗಳ ಹಿಂದೆ. ಆಗ ಮುಂಗಾರು ಹೇಗಿತ್ತು ಎಂಬುದನ್ನು ತಿಳಿಯದೆ ಮುಂದಿನ ಮಳೆಯ ಬಗ್ಗೆ ಕಂಪ್ಯೂಟರ್ ಮಾದರಿಗಳು ನುಡಿಯುವ ಭವಿಷ್ಯವನ್ನು ಪರೀಕ್ಷಿಸುವ ಬಗೆ ಸುಲಭವಲ್ಲ. ಮಳೆಯನ್ನೇ ನಂಬಿ ಬಿತ್ತುವ ಕರ್ನಾಟಕದಂಥ ರಾಜ್ಯಕ್ಕೆ ಇದು ದೂರದ ಮಾತೂ ಅಲ್ಲ.

ಕೇಂದ್ರ ಸರ್ಕಾರ 2021ರಲ್ಲಿ ಆಳಸಾಗರ ಅಭಿಯಾನಕ್ಕೆ 4,077 ಕೋಟಿ ರೂಪಾಯಿಗಳ ಮಂಜೂರಾತಿ ನೀಡಿತು. ಹವಾಮಾನದ ಸಲಹಾ ಸೇವೆಯೂ ಅದರಲ್ಲಿದೆ ನಿಜ. ಆದರೆ ಹೆಚ್ಚಾಗಿ ಸುದ್ದಿಯಾದದ್ದು ಮೂವರನ್ನು ಆರು ಸಾವಿರ ಮೀಟರ್ ಆಳಕ್ಕಿಳಿಸುವ ‘ಮತ್ಸ್ಯ’ ವಾಹನ ಹಾಗೂ ತಳದ ಖನಿಜದ ಗಟ್ಟಿಗಳು. ಗಟ್ಟಿಗಳನ್ನು ಹೆಕ್ಕುವ ಉತ್ಸಾಹ ಅವುಗಳ ಕೆಳಗಿನ ಕೆಸರನ್ನು ಓದುವುದರಲ್ಲಿ ಕಾಣುತ್ತಿಲ್ಲ.

ಈ ನಡುವೆ ಚೀನಾ 2024ರ ನವೆಂಬರ್‌ನಲ್ಲಿ ‘ಮೆಂಗ್‌ಶಿಯಾಂಗ್’ ಎಂಬ ಸ್ವಂತ ಕೊರೆಯುವ ಹಡಗನ್ನು ಸೇವೆಗೆ ಇಳಿಸಿತು. ಜಪಾನ್ ಮತ್ತು ಯುರೋಪ್ ಸೇರಿ 2025ರಿಂದ ಹೊಸ ಕೂಟ ನಡೆಸುತ್ತಿವೆ. ಹಡಗು ಯಾರದೋ, ಎಲ್ಲಿ ಕೊರೆಯಬೇಕೆಂಬ ತೀರ್ಮಾನದಲ್ಲಿ ಅವರ ಮಾತಿಗೇ ತೂಕ ಹೆಚ್ಚು. ಹಿಂದೂ ಮಹಾಸಾಗರದಿಂದ ಈವರೆಗೆ ತೆಗೆದ ಕೆಸರಿನ ಕಂಬಗಳನ್ನು ನೋಡಲು ಈಗಲೂ ಕೊಚ್ಚಿಗೆ ಹೋಗಬೇಕು. ಅದು ಕೇರಳದ ಕೊಚ್ಚಿಯಲ್ಲ, ಜಪಾನಿನದು.