ಮಾಲಿಕ್ ದೀನಾರರಿಗೆ ಸಹಾಬಿ ಪಟ್ಟ ಯಾಕೆ?

ನಮ್ಮ ಕರಾವಳಿಯಲ್ಲಿ ಒಂದು ಮಾತು ಭಾಷಣದಿಂದ ಭಾಷಣಕ್ಕೆ ಹರಿದು ಬರುತ್ತಿದೆ: ಬಾರಕೂರು, ಮಂಗಳೂರು, ಕಾಸರಗೋಡಿನ ಮಸೀದಿಗಳ ಕಥೆಯಲ್ಲಿ ಬರುವ ಮಾಲಿಕ್ ಇಬ್ನ್ ದೀನಾರ್ ಒಬ್ಬ ಸಹಾಬಿ, ಅಂದರೆ ಪ್ರವಾದಿಯವರನ್ನು ಕಣ್ಣಾರೆ ಕಂಡ ಸಂಗಾತಿ. ಜೊತೆಗೆ ಹಿಜರಿ 22 ಎಂಬ ವರ್ಷವನ್ನೂ ಹೇಳುತ್ತಾರೆ. ಪ್ರಶ್ನಿಸಿದರೆ ಕೆಲವರಿಗೆ ಸಿಟ್ಟು. ಇನ್ನು ಕೆಲವರು ‘ಹಾಗಾದರೆ ಎಲ್ಲವೂ ಕಟ್ಟುಕತೆ, ನೀವು ನಿನ್ನೆ ಮೊನ್ನೆ ಬಂದವರು’ ಎನ್ನಲು ಕಾದು ಕೂತಿದ್ದಾರೆ. ಇಬ್ಬರೂ ಹಳೆಯ ಪುಸ್ತಕಗಳನ್ನು ತೆರೆದಿಲ್ಲ.

ಅರಬಿ ಚರಿತ್ರಕೋಶಗಳ ಮಾಲಿಕ್ ಬಸ್ರಾದವರು, ಕುರ್‌ಆನ್ ನಕಲು ಮಾಡಿ ಬದುಕಿದ ವಿರಾಗಿ, ಹಸನ್ ಬಸ್ರಿಯವರ ಶಿಷ್ಯ. ತೀರಿಕೊಂಡದ್ದು ಹಿಜರಿ 130ರ ಆಸುಪಾಸಿನಲ್ಲಿ. ಹಿಜರಿ 22ರಲ್ಲಿ ಅವರ ಗುರುಗಳೇ ತೊಟ್ಟಿಲ ಕೂಸು!

ಸಹಾಬಿಗಳ ಚರಿತ್ರೆ ಬರೆದವರು ಕೇಳಿದ್ದನ್ನೆಲ್ಲ ನಂಬುವವರಾಗಿರಲಿಲ್ಲ. ಹೇಳಿದವರು ಯಾರು, ಅವರಿಗೆ ಹೇಳಿದವರು ಯಾರು, ಇಬ್ಬರೂ ಒಂದೇ ಕಾಲದಲ್ಲಿ ಬದುಕಿದ್ದರೇ ಎಂದು ಕೊಂಡಿ ಕೊಂಡಿಯಾಗಿ ಎಳೆದು ನೋಡುತ್ತಿದ್ದರು. ಪ್ರವಾದಿಯವರ ಕಾಲದಿಂದ ಆರು ಶತಮಾನಗಳಾದ ಮೇಲೆ ಬಠಿಂಡಾದ ರತನ್ ಎಂಬವನು ತಾನೂ ಸಹಾಬಿ ಎಂದಾಗ, ಅದನ್ನು ಹಸಿ ಸುಳ್ಳೆಂದು ಬರೆದವರು ವಿದ್ವಾಂಸ ದಹಬಿ. ಇಬ್ನ್ ಹಜರ್ ತಮ್ಮ ‘ಅಲ್ ಇಸಾಬಾ’ದಲ್ಲಿ, ತಪ್ಪಾಗಿ ಸಹಾಬಿ ಎನಿಸಿಕೊಂಡವರಿಗೆಂದೇ ಬೇರೆ ವಿಭಾಗ ಮಾಡಿದರು.

ಪೊನ್ನಾನಿಯ ಝೈನುದ್ದೀನ್ ಮಖ್ದೂಮ್ 16ನೆಯ ಶತಮಾನದ ‘ತುಹ್ಫತುಲ್ ಮುಜಾಹಿದೀನ್’ನಲ್ಲಿ ಇದೇ ಮಾಲಿಕರ ಕಥೆ ಹೇಳುತ್ತಾರೆ; ಬಾರಕೂರಿನ ಹೆಸರೂ ಅಲ್ಲಿದೆ. ಆದರೆ ಇದು ಪ್ರವಾದಿಯವರ ಕಾಲದ್ದೆಂಬ ಜನರ ಮಾತನ್ನು ಒಪ್ಪದೆ, ಹಿಜರಿ 200ರ ನಂತರದ್ದಿರಬೇಕು ಎನ್ನುತ್ತಾರೆ. ಆ ಲೆಕ್ಕಕ್ಕೆ ಬಸ್ರಾದ ಮಾಲಿಕರೂ ಒಗ್ಗುವುದಿಲ್ಲ. ಅನುಮಾನಿಸಿದ ಮಖ್ದೂಮರೇನು ಧರ್ಮದ್ರೋಹಿಯೇ?

ಹಾಗೆಂದು ಕಥೆಯನ್ನು ಎಸೆಯಬೇಕಿಲ್ಲ. ಕೋಟಿ ಚೆನ್ನಯರ ಪಾಡ್ದನಕ್ಕೆ ನಾವು ಇಸವಿ ಕೇಳುವುದಿಲ್ಲ. ಅದರೊಳಗಿನ ಊರು, ಗದ್ದೆ, ಅವಮಾನಗಳನ್ನು ಓದುತ್ತೇವೆ. ಮಾಲಿಕರ ಕಥೆಯ ಮಸೀದಿಪಟ್ಟಿಯನ್ನೂ ಹಾಗೆ ಓದಿ: ಕೊಲ್ಲಂನಿಂದ ಬಾರಕೂರಿನವರೆಗಿನ ಬಂದರುಗಳು ಸಾಲಾಗಿ ಸಿಗುತ್ತವೆ. ಕರಿಮೆಣಸಿನ ವ್ಯಾಪಾರದ ದಾರಿಯೇ ಅದು. 14ನೆಯ ಶತಮಾನದಲ್ಲಿ ಇಬ್ನ್ ಬತೂತ ಬಾರಕೂರಿನಲ್ಲಿ ಮುಸ್ಲಿಮರನ್ನು ಕಂಡು ಬರೆದಿದ್ದಾನೆ. ‘ನಿನ್ನೆ ಮೊನ್ನೆ’ ಎನ್ನುವವರಿಗೆ ಇಷ್ಟು ಸಾಲದೇ?

ಕಾಪುವಿನ ಬ್ಯಾರಿ ಹುಡುಗಿಗೆ ಈ ನೆಲದಲ್ಲಿ ಬದುಕಲು ಹಿಜರಿ 22ರ ಪಹಣಿ ಬೇಕಾಗಿಲ್ಲ. ಅದನ್ನು ಕೇಳುವವರೂ ತಪ್ಪು, ಸುಳ್ಳು ಇಸವಿ ಬರೆದು ಕೊಡುವವರೂ ತಪ್ಪು. ಮಣಿಪಾಲ, ಕಾರ್ಕಳದ ವಿದ್ಯಾರ್ಥಿಗಳಲ್ಲಿ ಒಂದು ಕೋರಿಕೆ: ಮುಂದಿನ ಸಲ ವೇದಿಕೆಯಲ್ಲಿ ಯಾರಾದರೂ ‘ಸಹಾಬಿ’ ಎಂದರೆ, ದಹಬಿ ಕೇಳುತ್ತಿದ್ದುದನ್ನೇ ಕೇಳಿ. ನಿಮಗೆ ಇದನ್ನು ಹೇಳಿದವರು ಯಾರು?