ಶೋರ್ವಾ ಸಾಕೆನ್ನುವ ಅಮ್ಮಂದಿರಿಗೆ



ಕಳೆದ ತಿಂಗಳು ಓದುಗ ಸಹೋದರಿಯೊಬ್ಬರು ಪತ್ರ ಬರೆದು ಒಂದು ಪ್ರಶ್ನೆ ಕೇಳಿದ್ದರು. "ಆಪಾ, ಕೀಮಾದ ಟಿಕ್ಕಿ ತಟ್ಟಿ ಸಾಲನ್‌ಗೆ ಹಾಕಿದರೆ ಎಲ್ಲವೂ ಒಡೆದು ಹೋಗುತ್ತವೆ. ಇದು ಟಿಕ್ಕಿಯೋ ಗಂಜಿಯೋ ಎಂದು ಮನೆಯವರು ನಗುತ್ತಾರೆ. ಏನು ಮಾಡಲಿ?" ಪತ್ರದ ಕೊನೆಯಲ್ಲಿ ಇನ್ನೊಂದು ಮಾತೂ ಇತ್ತು: "ಒಡೆಯದೆ ಉಳಿದದ್ದನ್ನು ಮಕ್ಕಳಿಗೆ ಬಡಿಸಿ, ನಾನು ಶೋರ್ವಾದಲ್ಲೇ ಊಟ ಮುಗಿಸುತ್ತೇನೆ."

ಟಿಕ್ಕಿ ಒಡೆಯದಂತೆ ಮಾಡುವುದು ಕಷ್ಟವೇನಲ್ಲ. ಅದನ್ನು ಮುಂದೆ ಹೇಳುತ್ತೇನೆ. ಆದರೆ ಆ ಕೊನೆಯ ಮಾತು ನನ್ನನ್ನು ಬಿಡಲಿಲ್ಲ. ಅದನ್ನು ನಾನು ನನ್ನ ಅಮ್ಮಿಯ ಬಾಯಿಂದ ಎಷ್ಟೋ ಸಲ ಕೇಳಿದ್ದೇನೆ.

ಬಳ್ಳಾರಿ ತಾಲೂಕಿನ ಮೋಕ ನಮ್ಮೂರು. ಹಗರಿ ಹೊಳೆಯ ಸೀಮೆ, ಜೋಳ, ಹತ್ತಿ, ಮೆಣಸಿನಕಾಯಿಯ ನಾಡು. ನಾನು ಚಿಕ್ಕವಳಿದ್ದಾಗ ನಮ್ಮ ಮನೆಗೆ ಮಟನ್ ಬರುತ್ತಿದ್ದುದು ಈದ್‌ಗೆ ಅಥವಾ ನೆಂಟರು ಬಂದಾಗ. ಉಳಿದ ದಿನಗಳಲ್ಲಿ 'ಬಡೇ ಕಾ ಗೋಷ್ತ್'. ಅದು ಬಡವರ ಮಾಂಸ. ಅದರ ಕೀಮಾ ಮಾಡಿಸಿ ತಂದರೆ ಅಮ್ಮಿ ಕಡಲೆಬೇಳೆ ಸೇರಿಸಿ ಟಿಕ್ಕಿ ತಟ್ಟುತ್ತಿದ್ದರು. ಅಬ್ಬಾಗೆ ಮೂರು, ದಾದಿಮಾಗೆ ಎರಡು, ನಾವು ನಾಲ್ಕು ಮಕ್ಕಳಿಗೆ ತಲಾ ಎರಡು. ಆ ಲೆಕ್ಕದಲ್ಲಿ ಅಮ್ಮಿ ಇರಲಿಲ್ಲ. ಎಲ್ಲರ ಊಟವಾದ ಮೇಲೆ ಪಾತ್ರೆಯಲ್ಲಿ ಉಳಿದ ಶೋರ್ವಾಕ್ಕೆ ರೊಟ್ಟಿ ಅದ್ದಿಕೊಂಡು ತಿನ್ನುತ್ತಿದ್ದರು. "ನಿಮಗೆ ಅಮ್ಮಿ?" ಎಂದರೆ, "ರುಚಿಯೆಲ್ಲ ಶೋರ್ವಾದಲ್ಲೇ ಇರುತ್ತದೆ ಬೇಟಾ" ಎನ್ನುತ್ತಿದ್ದರು. ನಾವು ನಂಬಿದ್ದೆವು.

ನಾನು ಬಿ.ಎ. ಓದುತ್ತಿದ್ದಾಗ ಒಂದು ದಿನ ಅಮ್ಮಿ ನೀರಿನ ಕೊಡ ಹೊತ್ತು ಬರುವಾಗ ಬಾಗಿಲಲ್ಲೇ ತಲೆಸುತ್ತಿ ಬಿದ್ದರು. ಆಸ್ಪತ್ರೆಗೆ ಕರೆದುಕೊಂಡು ಹೋದೆವು. ರಕ್ತ ಪರೀಕ್ಷೆಯ ಚೀಟಿ ನೋಡಿದ ಡಾಕ್ಟರಮ್ಮ, "ಇವರು ಮನೆಯಲ್ಲಿ ಏನು ತಿನ್ನುತ್ತಾರೆ?" ಎಂದು ನನ್ನನ್ನು ಕೇಳಿದರು. ನನಗೆ ಉತ್ತರ ಗೊತ್ತಿರಲಿಲ್ಲ. ಅಬ್ಬಾ ಏನು ತಿನ್ನುತ್ತಾರೆ, ತಮ್ಮ ಏನು ಬಿಡುತ್ತಾನೆ ಎಂಬುದೆಲ್ಲ ಗೊತ್ತಿತ್ತು. ಅಮ್ಮಿ ಏನು ತಿನ್ನುತ್ತಾರೆಂದು ನಮ್ಮಲ್ಲಿ ಯಾರೂ ನೋಡಿರಲಿಲ್ಲ.

ಇದು ನಮ್ಮ ಮನೆಯೊಂದರ ಕತೆಯಲ್ಲ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ, ದೇಶದಲ್ಲಿ 15ರಿಂದ 49 ವರ್ಷದ ಮಹಿಳೆಯರಲ್ಲಿ ಶೇಕಡಾ 57 ಮಂದಿಗೆ ರಕ್ತಹೀನತೆ ಇದೆ. ಕರ್ನಾಟಕದಲ್ಲಿ ಈ ಸಂಖ್ಯೆ ಸುಮಾರು ಅರ್ಧದಷ್ಟು. ಬಡತನ, ಹೆರಿಗೆ, ಜಂತುಹುಳು ಹೀಗೆ ಕಾರಣಗಳು ಹಲವು. ಆದರೆ ಊಟದ ಕೊನೆಯ ಸರದಿಯೂ ಅವುಗಳಲ್ಲಿ ಒಂದು ಎಂದು ನಾನು ನಂಬುತ್ತೇನೆ. ಮಾಂಸದಲ್ಲಿರುವ ಕಬ್ಬಿಣದ ಅಂಶವನ್ನು ದೇಹ ಬೇಳೆ, ಸೊಪ್ಪಿನಲ್ಲಿರುವುದಕ್ಕಿಂತ ಸುಲಭವಾಗಿ ಹೀರಿಕೊಳ್ಳುತ್ತದೆ. ಅದನ್ನು ಹೆಚ್ಚು ಅಗತ್ಯವಿರುವವಳ ತಟ್ಟೆಯಿಂದಲೇ ನಾವು ತೆಗೆದುಬಿಡುತ್ತೇವೆ.

ಸರಿ, ಈಗ ಅಡುಗೆಗೆ ಬರೋಣ. ಮೊದಲು ಯಾವ ಕೀಮಾ ಎಂಬ ಮಾತು. 1964ರ ಕಾಯ್ದೆಯಿದ್ದಾಗ ನಮ್ಮ ರಾಜ್ಯದಲ್ಲಿ 12 ವರ್ಷ ಮೀರಿದ ಎತ್ತು, ಕೋಣ, ಎಮ್ಮೆಗಳಿಗೆ ಪ್ರಮಾಣಪತ್ರದೊಂದಿಗೆ ಅವಕಾಶವಿತ್ತು. 2021ರ ಜನವರಿಯಲ್ಲಿ ಸುಗ್ರೀವಾಜ್ಞೆಯಾಗಿ ಜಾರಿಗೆ ಬಂದು ಬಳಿಕ ಕಾಯ್ದೆಯಾದ ಹೊಸ ನಿಯಮದಲ್ಲಿ 13 ವರ್ಷ ಮೀರಿದ ಎಮ್ಮೆ, ಕೋಣಗಳಿಗೆ ಮಾತ್ರ, ಅದೂ ಪ್ರಮಾಣಪತ್ರವಿದ್ದರೆ, ಅವಕಾಶ ಉಳಿಯಿತು. ಹೀಗಾಗಿ ಅನೇಕ ಮನೆಗಳು ಮಟನ್‌ಗೋ ಕೋಳಿಗೋ ತಿರುಗಿವೆ. ಮಟನ್ ಕೊಂಡರೆ ಕೈ ಸುಡುತ್ತದೆ. ಅರ್ಧ ಕಿಲೋದಲ್ಲಿ ಇಡೀ ಮನೆಗೆ ಊಟವಾಗಬೇಕು. ಅದಕ್ಕೇ ಈ ಟಿಕ್ಕಿ ಸಾಲನ್ ನಮಗೆ ಇಂದು ಹಿಂದಿಗಿಂತ ಹೆಚ್ಚು ಬೇಕಾಗಿದೆ. ಎಮ್ಮೆಯ ಕೀಮಾ ಆದರೂ ಮಟನ್ ಕೀಮಾ ಆದರೂ ವಿಧಾನ ಒಂದೇ. ಎಮ್ಮೆಯ ಮಾಂಸದಲ್ಲಿ ಕೊಬ್ಬು ಕಡಿಮೆ, ಟಿಕ್ಕಿ ಒಣಗುತ್ತದೆ. ಆದ್ದರಿಂದ ಕಲಸುವಾಗ ಎರಡು ಚಮಚ ಎಣ್ಣೆ ಸೇರಿಸಿ.

ಬೇಕಾಗುವ ಸಾಮಗ್ರಿಗಳು (ಏಳು ಜನರಿಗೆ)

ಟಿಕ್ಕಿಗೆ: ಕೀಮಾ ಅರ್ಧ ಕಿಲೋ, ಕಡಲೆಬೇಳೆ 100 ಗ್ರಾಂ, ಪುಟಾಣಿ ಪುಡಿ 2 ದೊಡ್ಡ ಚಮಚ, ಸಣ್ಣಗೆ ಹೆಚ್ಚಿದ ಈರುಳ್ಳಿ 1, ಹಸಿಮೆಣಸಿನಕಾಯಿ 3, ಶುಂಠಿ ಬೆಳ್ಳುಳ್ಳಿ ಪೇಸ್ಟ್ 1 ಚಮಚ, ಗರಂ ಮಸಾಲೆ ಅರ್ಧ ಚಮಚ, ಕೊತ್ತಂಬರಿ ಸೊಪ್ಪು, ಪುದಿನ, ಉಪ್ಪು.

ಸಾಲನ್‌ಗೆ: ಈರುಳ್ಳಿ 3, ಟೊಮೆಟೊ 3, ಹುರಿದ ಶೇಂಗಾ 3 ದೊಡ್ಡ ಚಮಚ, ಒಣ ಕೊಬ್ಬರಿ ತುರಿ 2 ದೊಡ್ಡ ಚಮಚ, ಶುಂಠಿ ಬೆಳ್ಳುಳ್ಳಿ ಪೇಸ್ಟ್ 1 ದೊಡ್ಡ ಚಮಚ, ಖಾರದ ಪುಡಿ 2 ಚಮಚ, ಧನಿಯಾ ಪುಡಿ 2 ಚಮಚ, ಅರಿಶಿನ ಕಾಲು ಚಮಚ, ಚಕ್ಕೆ, ಲವಂಗ, ಏಲಕ್ಕಿ ಎರಡೆರಡು, ಎಣ್ಣೆ, ಉಪ್ಪು. ಗಸಗಸೆ ಇದ್ದವರು ಹಾಕಲಿ. ನಮ್ಮ ಕಡೆ ಶೇಂಗಾ ಇದ್ದರೆ ಸಾಲನ್ ದಪ್ಪವಾಗಲು ಅದೇ ಸಾಕು.

ಮಾಡುವ ವಿಧಾನ

ಟಿಕ್ಕಿ ಒಡೆಯುವುದಕ್ಕೆ ಮುಖ್ಯ ಕಾರಣ ನೀರು. ಮಾಂಸವನ್ನು ತುಂಡಾಗಿರುವಾಗಲೇ ತೊಳೆದು, ನೀರು ಬಸಿದು, ಆಮೇಲೆ ಕೀಮಾ ಮಾಡಿಸಿ. ಕೀಮಾ ಆದ ಮೇಲೆ ತೊಳೆದರೆ ಅದು ನೀರು ಕುಡಿದು ಕೂರುತ್ತದೆ. ತೊಳೆಯಲೇಬೇಕಾದರೆ ಜರಡಿಯಲ್ಲಿ ಹಾಕಿ ಒತ್ತಿ ನೀರು ತೆಗೆಯಿರಿ. ಹೆಚ್ಚಿದ ಈರುಳ್ಳಿಯನ್ನೂ ಚಿಟಿಕೆ ಉಪ್ಪು ಹಾಕಿ ಹಿಂಡಿ. ಆ ನೀರನ್ನು ಚೆಲ್ಲಬೇಡಿ, ಸಾಲನ್‌ಗೆ ಬೇಕಾಗುತ್ತದೆ.

ಕಡಲೆಬೇಳೆಯನ್ನು ಒಂದು ಗಂಟೆ ನೆನೆಸಿ, ಬೆರಳಲ್ಲಿ ಒತ್ತಿದರೆ ಪುಡಿಯಾಗುವಷ್ಟು ಮಾತ್ರ ಬೇಯಿಸಿ. ನೀರು ಪೂರ್ತಿ ಬಸಿದು, ಆರಿದ ಮೇಲೆ ತರಿತರಿಯಾಗಿ ರುಬ್ಬಿ. ಬಿಸಿ ಬೇಳೆಯನ್ನು ಹಸಿ ಕೀಮಾಕ್ಕೆ ಸೇರಿಸಬಾರದು.

ಕೀಮಾಕ್ಕೆ ಮೊದಲು ಉಪ್ಪು ಮಾತ್ರ ಹಾಕಿ ಐದು ನಿಮಿಷ ಚೆನ್ನಾಗಿ ನಾದಿ. ಒಡೆಯುವುದಕ್ಕೆ ಎರಡನೆಯ ಕಾರಣ ಈ ನಾದುವಿಕೆಯಲ್ಲಿ ತೋರುವ ಸೋಮಾರಿತನ. ಉಪ್ಪು ಮಾಂಸದೊಳಗಿನ ಪ್ರೋಟೀನನ್ನು ಹೊರಗೆ ತರುತ್ತದೆ, ಕೀಮಾ ಕೈಗೆ ಅಂಟತೊಡಗುತ್ತದೆ. ಆ ಅಂಟೇ ಟಿಕ್ಕಿಯನ್ನು ಹಿಡಿದಿಡುತ್ತದೆ. ನಂತರ ಬೇಳೆ, ಪುಟಾಣಿ ಪುಡಿ, ಉಳಿದ ಸಾಮಗ್ರಿ ಸೇರಿಸಿ ಕಲಸಿ, ಇಪ್ಪತ್ತು ನಿಮಿಷ ಮುಚ್ಚಿಡಿ. ಫ್ರಿಜ್ ಇದ್ದರೆ ಅದರಲ್ಲಿಡಿ. ಬಳ್ಳಾರಿಯ ಬೇಸಿಗೆಯಲ್ಲಿ ಹಸಿ ಕೀಮಾವನ್ನು ಹೊರಗೆ ಬಿಟ್ಟು ಬೇರೆ ಕೆಲಸಕ್ಕೆ ಹೋಗಬೇಡಿ.

ಈಗ ಕೈಗೆ ಎಣ್ಣೆ ಸವರಿಕೊಂಡು 14 ಟಿಕ್ಕಿ ತಟ್ಟಿ. ಕಿರುಬೆರಳಿನಷ್ಟು ದಪ್ಪ ಸಾಕು. ಕೋಫ್ತಾದಂತೆ ಉಂಡೆ ಮಾಡಿದರೆ ನಡುವೆ ಬೇಯಲು ಹೊತ್ತು ಬೇಕು. ಚಪ್ಪಟೆಯಾದ ಟಿಕ್ಕಿ ಬೇಗ ಬೇಯುತ್ತದೆ, ಎಣ್ಣೆಯೂ ಕಡಿಮೆ ಸಾಕು. ತವಾ ಚೆನ್ನಾಗಿ ಕಾದ ಮೇಲೆ ಇಟ್ಟು, ತಳ ಕೆಂಪಾಗಿ ತಾನಾಗಿ ಬಿಡುವವರೆಗೆ ಮುಟ್ಟಬೇಡಿ. ಎರಡೂ ಕಡೆ ಬಣ್ಣ ಬಂದರೆ ಸಾಕು. ಒಳಗೆ ಬೇಯುವುದು ಸಾಲನ್‌ನಲ್ಲಿ.

ಅದೇ ಎಣ್ಣೆಗೆ ಚಕ್ಕೆ, ಲವಂಗ, ಏಲಕ್ಕಿ ಹಾಕಿ ಈರುಳ್ಳಿಯನ್ನು ಕಂದು ಬಣ್ಣಕ್ಕೆ ಹುರಿಯಿರಿ. ಶುಂಠಿ ಬೆಳ್ಳುಳ್ಳಿಯ ಹಸಿ ವಾಸನೆ ಹೋದ ಮೇಲೆ ಪುಡಿಗಳು, ಟೊಮೆಟೊ, ಉಪ್ಪು. ಎಣ್ಣೆ ಬಿಡುವವರೆಗೆ ಭೂನಿಸಿ. ಶೇಂಗಾ, ಕೊಬ್ಬರಿ ರುಬ್ಬಿದ್ದನ್ನು ಸೇರಿಸಿ, ಮೂರು ಲೋಟ ಬಿಸಿನೀರು ಹಾಗೂ ಈರುಳ್ಳಿಯ ನೀರು ಹಾಕಿ. ಕುದಿ ಬಂದ ಮೇಲೆ ಅಗಲ ಬಾಯಿಯ ಪಾತ್ರೆಯಲ್ಲಿ ಟಿಕ್ಕಿಗಳನ್ನು ಒಂದರ ಪಕ್ಕ ಒಂದಾಗಿ ಇಳಿಸಿ, ಸಣ್ಣ ಉರಿಯಲ್ಲಿ ಹದಿನೈದು ನಿಮಿಷ ಮುಚ್ಚಿಡಿ. ಚಮಚ ಹಾಕಿ ತಿರುವಬೇಡಿ. ಬಟ್ಟೆಯಲ್ಲಿ ಪಾತ್ರೆಯ ಅಂಚು ಹಿಡಿದು ಮೆಲ್ಲಗೆ ಆಡಿಸಿ. ಇಳಿಸುವ ಮೊದಲು ಒಂದನ್ನು ಮುರಿದು ನೋಡಿ, ಒಳಗೆ ಕೆಂಪು ಇರಬಾರದು. ತುಂಡು ಮಾಂಸದ ಮೇಲೆ ಮಾತ್ರ ಇರುವ ಕ್ರಿಮಿಗಳು ಕೀಮಾ ಮಾಡಿದಾಗ ಒಳಗೆಲ್ಲ ಬೆರೆಯುತ್ತವೆ. ಆದ್ದರಿಂದ ಕೀಮಾ ಅರೆಬೆಂದಿರಕೂಡದು.

ಹುಳಿ ಇಷ್ಟಪಡುವವರು ಟೊಮೆಟೊ ಕಡಿಮೆ ಮಾಡಿ ಒಂದು ಹಿಡಿ ಪುಂಡಿ ಸೊಪ್ಪನ್ನು ಬೇಯಿಸಿ ಮಸೆದು ಸೇರಿಸಬಹುದು. ನಮ್ಮ ಮನೆಗಳಲ್ಲಿ ಅಂಬಾಡಾ ಎನ್ನುವ ಈ ಸೊಪ್ಪು ಮಾಂಸದ ಜೊತೆ ಬಹಳ ಹೊಂದುತ್ತದೆ. ಜೋಳದ ರೊಟ್ಟಿಗೂ ಸೈ, ಅನ್ನಕ್ಕೂ ಸೈ.

ಕೆಲಸಕ್ಕೆ ಹೋಗುವ ಸಹೋದರಿಯರು "ವಾರದ ನಡುವೆ ಇಷ್ಟೆಲ್ಲ ಆಗುತ್ತದೆಯೇ?" ಎಂದು ಕೇಳಬಹುದು. ನಾನೂ ಶಾಲೆ ಮುಗಿಸಿ ಬಂದೇ ಅಡುಗೆ ಮಾಡುವವಳು. ಬೇಳೆಯನ್ನು ಬೆಳಿಗ್ಗೆಯೇ ನೆನೆಸಿಟ್ಟು ಹೋಗುತ್ತೇನೆ, ಶೇಂಗಾ ಕೊಬ್ಬರಿ ಪುಡಿ ಭಾನುವಾರವೇ ಸಿದ್ಧವಾಗಿರುತ್ತದೆ. ಅಸರ್ ನಂತರ ಬೇಳೆ ಬೇಯಿಸಿ ಆರಲು ಬಿಟ್ಟರೆ, ಮಗ್ರಿಬ್ ನಂತರ ಒಂದು ಗಂಟೆಯಲ್ಲಿ ಸಾಲನ್ ಒಲೆಯ ಮೇಲೆ ಕುದಿಯುತ್ತಿರುತ್ತದೆ. ಈರುಳ್ಳಿ ಹೆಚ್ಚುವುದು ಮಗನ ಕೆಲಸ, ಟಿಕ್ಕಿ ತಟ್ಟುವುದು ಮಗಳದು. ಮನೆಯವರು ರೊಟ್ಟಿ ಬಡಿಯಲಾರರು, ಆದರೆ ಪಾತ್ರೆ ತೊಳೆಯುತ್ತಾರೆ.

ಇದು ನಮ್ಮದೇ ಅಡುಗೆ ಎಂದು ಹೆಮ್ಮೆಪಡುತ್ತೇವೆ. ನಿಜವೆಂದರೆ ಲೋಕದ ಎಲ್ಲ ಕಡೆ ತಾಯಂದಿರು ಇದನ್ನೇ ಮಾಡಿದ್ದಾರೆ. ಕೋಫ್ತಾ ಎಂಬ ಪದ ಬಂದಿರುವುದೇ ಫಾರಸಿಯಲ್ಲಿ 'ಕುಟ್ಟು' ಎಂಬ ಅರ್ಥದ ಪದದಿಂದ. ತುರ್ಕಿಯಲ್ಲಿ ಅದು ಕೊಫ್ತೆ. ಅಮೆರಿಕದಲ್ಲಿ ಕೀಮಾದ ಬಿಲ್ಲೆಯನ್ನು ಗ್ರೇವಿಯಲ್ಲಿ ಬೇಯಿಸಿ, 19ನೇ ಶತಮಾನದ ಒಬ್ಬ ಡಾಕ್ಟರನ ಹೆಸರಿನಲ್ಲಿ 'ಸಾಲಿಸ್‌ಬರಿ ಸ್ಟೇಕ್' ಎನ್ನುತ್ತಾರೆ. ಗಟ್ಟಿ ಮಾಂಸವನ್ನು ಮೆದುವಾಗಿಸುವುದು, ಸ್ವಲ್ಪವನ್ನು ಹೆಚ್ಚು ಮಾಡುವುದು, ಎಲ್ಲ ಕಡೆಯೂ ಇದೇ ಜಾಣ್ಮೆ. ಸಾರು ಮಾಡುವಾಗ ನೀರು ಹೆಚ್ಚಿಸಿ ನೆರೆಯವರನ್ನೂ ನೆನೆಯಬೇಕೆಂದು ಪ್ರವಾದಿಯವರು (ಸ) ಅಬೂದರ್‌ರಿಗೆ (ರ) ಬೋಧಿಸಿದ್ದನ್ನು ನಾವು ಮದ್ರಸಾದಲ್ಲೇ ಕಲಿತಿದ್ದೇವೆ. ನೆರೆಯವರನ್ನು ನೆನೆಯಬೇಕಾದ ಪಾತ್ರೆಯಲ್ಲಿ ಮನೆಯ ತಾಯಿಯ ಪಾಲನ್ನು ಮರೆಯಬಹುದೇ?

ತುಂಡು ಮಾಂಸದ ಸಾರಿನಲ್ಲಿ ಯಾರಿಗೆ ಎಷ್ಟು ಬಂತೆಂದು ತಿಳಿಯುವುದಿಲ್ಲ. ಟಿಕ್ಕಿಯನ್ನು ಎಣಿಸಬಹುದು. ಆದ್ದರಿಂದ ನಮ್ಮ ಮನೆಯಲ್ಲಿ ಒಂದು ನಿಯಮ ಮಾಡಿಕೊಂಡಿದ್ದೇವೆ. ಮನೆಯಲ್ಲಿ ಏಳು ಜನ, 14 ಟಿಕ್ಕಿ, ಎಲ್ಲರಿಗೂ ಎರಡೆರಡು. ಬಡಿಸುವ ಮೊದಲೇ ಅಡುಗೆ ಮಾಡಿದವರ ಎರಡನ್ನು ಬೇರೆ ಬಟ್ಟಲಿಗೆ ತೆಗೆದಿಡುವುದು ಮಗಳ ಜವಾಬ್ದಾರಿ. ಸಾಧ್ಯವಾದ ದಿನ ಎಲ್ಲರೂ ಒಂದೇ ದಸ್ತರ್‌ಖಾನಿನ ಸುತ್ತ ಕೂರುತ್ತೇವೆ. ತಟ್ಟೆಗೆ ಒಂದು ಹೋಳು ನಿಂಬೆ ಇಡಿ, ಬೇಳೆಯ ಕಬ್ಬಿಣದ ಅಂಶ ಮೈಗೆ ಹತ್ತಲು ಅದು ನೆರವಾಗುತ್ತದೆ. ಊಟವಾದ ಕೂಡಲೇ ಚಹಾ ಕುಡಿಯಬೇಡಿ, ಚಹಾ ಅದನ್ನು ತಡೆಯುತ್ತದೆ.

ಕಳೆದ ವಾರ ಅಮ್ಮಿ ನಮ್ಮ ಮನೆಗೆ ಬಂದಿದ್ದರು. ಅಂದು 16 ಟಿಕ್ಕಿ ತಟ್ಟಿದೆವು. ಅವರ ತಟ್ಟೆಗೆ ಎರಡು ಹಾಕಿದೆ. ಹಳೆಯ ಅಭ್ಯಾಸ, ಒಂದನ್ನು ಎತ್ತಿ ಮೊಮ್ಮಗನ ತಟ್ಟೆಗೆ ಹಾಕಲು ಹೋದರು. ಅವನು ತಟ್ಟೆಯನ್ನು ಹಿಂದಕ್ಕೆಳೆದುಕೊಂಡು, "ನಾನಿಮಾ, ಇದು ಲೆಕ್ಕ ಮಾಡಿ ಮಾಡಿದ್ದು" ಎಂದ. ಕೊನೆಗೆ ಅರ್ಧ ಮುರಿದು ಕೊಟ್ಟೇ ಕೊಟ್ಟರು. ಒಂದೂವರೆ ತಿಂದರು.

ಪತ್ರ ಬರೆದ ಸಹೋದರಿಗೆ ನನ್ನ ಉತ್ತರ ಇಷ್ಟೇ: ನೀರು ಹಿಂಡಿ, ಉಪ್ಪು ಹಾಕಿ ಚೆನ್ನಾಗಿ ನಾದಿ, ಚಮಚ ಹಾಕಬೇಡಿ. ಒಡೆಯುವುದಿಲ್ಲ, ಇನ್‌ಶಾ ಅಲ್ಲಾಹ್. ಮತ್ತು ತಟ್ಟುವಾಗ ಎಣಿಕೆಯನ್ನು ನಿಮ್ಮಿಂದಲೇ ಆರಂಭಿಸಿ.